ತಕ್ಕಡಿ ಬಿಡಲೊಲ್ಲದ ತೊಲೆ

ಹೊಳೆಗೆ ಕಡಲಿನ ದಾರಿ ತೋರಿದ ದಯಾಮಯನಿಗೆ ಕೈಮುಗಿದು ಈ ಕಥೆ ಹೇಳುತ್ತೇನೆ.

ಹಿಂದೊಮ್ಮೆ ಹೊಳೆಬಾಯಿಯ ಬಂದರೊಂದರಲ್ಲಿ ಹೂಳು ತುಂಬಿ ಹಡಗುಗಳು ಬರುವುದೇ ನಿಂತಿತು. ಕಾಳುಮೆಣಸಿನ ವ್ಯಾಪಾರಿ ಪದ್ಮಯ್ಯ ಸೆಟ್ಟರು ಮಳಿಗೆಯನ್ನೇ ಹೊಸ ಬಂದರಿಗೆ ಸಾಗಿಸಲು ದೋಣಿ ತರಿಸಿದರು. ಅವರ ತಕ್ಕಡಿ ಮಾತ್ರ ಹಟ ಹಿಡಿಯಿತು.

“ಮೂವತ್ತು ವರ್ಷ ಮಳಿಗೆಯ ಸೂರಿನ ಈ ತೊಲೆಗೆ ತೂಗಿಕೊಂಡು ನ್ಯಾಯದ ತೂಕ ಕೊಟ್ಟವಳು ನಾನು. ಇದನ್ನು ಬಿಟ್ಟರೆ ನನ್ನ ತೂಕ ಸುಳ್ಳಾದೀತು, ಸೆಟ್ಟರೇ.”

ಸೆಟ್ಟರು ತೊಲೆಯನ್ನೂ ಕೀಳಿಸಿ ಹೇರಿಸಿದರು. ದೋಣಿ ಹೊಳೆಬಾಯಿಯ ಮರಳಿನಲ್ಲಿ ಕೂತೇಬಿಟ್ಟಿತು.

“ನೀರು ಇಳಿಯುತ್ತಿದೆ. ತೊಲೆಯನ್ನಾದರೂ ಎಸೆಯಿರಿ, ಮೆಣಸನ್ನಾದರೂ ಎಸೆಯಿರಿ. ಎರಡನ್ನೂ ಹೊತ್ತು ನಾನು ಏಳಲಾರೆ” ಎಂದಿತು ದೋಣಿ.

ತಕ್ಕಡಿ ಕಂಗಾಲಾಗಿ ದೇವರ ದೀಪದ ಕಡೆ ತಿರುಗಿತು. ಸೆಟ್ಟರ ಮನೆಯ ರೂಢಿಯಂತೆ ದೀಪ ಎಲ್ಲರಿಗಿಂತ ಮೊದಲು, ಮಡಕೆಯೊಳಗೆ ಉರಿಯುತ್ತಲೇ ದೋಣಿ ಹತ್ತಿತ್ತು.

“ದೀಪಕ್ಕಾ, ನಿನ್ನ ಗೂಡೆಲ್ಲಿ?”

“ಹಳೇ ಗೋಡೆಯಲ್ಲೇ ಬಿಟ್ಟು ಬಂದೆ, ತಂಗಿ. ನನ್ನನ್ನು ಉರಿಸುವವನು ಗೂಡಿನಲ್ಲಿ ಕೂತಿದ್ದಾನೆಯೇ? ನಿನ್ನನ್ನು ಸಮವಾಗಿ ನಿಲ್ಲಿಸುವವನನ್ನು ನೀನು ಮರದ ತುಂಡು ಅಂದುಕೊಂಡೆಯಲ್ಲ!”

ತಕ್ಕಡಿ ಮೆಲ್ಲಗೆ, “ತೊಲೆ ಎಸೆದುಬಿಡಿ, ಸೆಟ್ಟರೇ” ಎಂದಿತು. ತೊಲೆ ನೀರಿಗೆ ಬಿತ್ತು, ದೋಣಿ ತೇಲಿತು.

ಹೊಸ ಬಂದರಿನಲ್ಲಿ ಮಳಿಗೆಗೆ ಇನ್ನೂ ಸೂರೇ ಇರಲಿಲ್ಲ. ಸೆಟ್ಟರು ತಕ್ಕಡಿಯನ್ನು ಹೊಂಗೆಯ ಕೊಂಬೆಗೆ ಕಟ್ಟಿದರು. ತಕ್ಕಡಿ ಹೆದರುತ್ತಲೇ ಹಿಡಿತ ಸಡಿಲಿಸಿ ತೂಗಿತು. ಕಡಲಗಾಳಿಗೆ ಒಂದಷ್ಟು ಓಲಾಡಿದ ತಟ್ಟೆಗಳು ಸಮನಾಗಿ ನಿಂತವು.

ಕಿವಿಗೊಟ್ಟ ನಿಮ್ಮೆಲ್ಲರನ್ನೂ, ನೀವು ಎಲ್ಲೇ ಬೀಡುಬಿಟ್ಟರೂ, ಆ ದಯಾಮಯನೇ ಹಾಗೆ ನಿಲ್ಲಿಸಲಿ.