ಒಂದೇ ಕಡೆ ತಪ್ಪಿದ ಗುರಿ

"ಗುರುಗಳೇ, ತಪ್ಪು ಮಾಡಿದ ಕೂಡಲೇ ತಿದ್ದಿಕೊಳ್ಳುತ್ತೇನೆ. ಆದರೂ ನಾನು ಯಾಕೆ ಸರಿಹೋಗುತ್ತಿಲ್ಲ?"

ಕೇಳಿದವನು ಕೆಂಡಗಣ್ಣ. ಮಠ ಸೇರಿ ಇನ್ನೂ ವರ್ಷ ತುಂಬಿರಲಿಲ್ಲ. ಬಟ್ಟೆಯ ಗಂಟು ಕಂಕುಳಲ್ಲಿತ್ತು. ಊರಿಗೆ ಹೊರಟುಬಿಡುವ ಮನಸ್ಸು ಮಾಡಿಯೇ ಬಂದಿದ್ದ. ದಾಸೋಹದಲ್ಲಿ ಬಡಿಸುವಾಗ ಯಾರ ಮೇಲೋ ರೇಗಿದೆನೆಂದು ಮೌನ ಹಿಡಿದಿದ್ದ. ಮೌನದಲ್ಲಿ ಜಂಬ ಬಂತೆಂದು ಅದನ್ನು ಬಿಟ್ಟು ಅಂಗಳ ಗುಡಿಸಲು ನಿಂತಿದ್ದ. ಗುಡಿಸುವಾಗ ಸೋಮಾರಿತನ ಬಂತೆಂದು ಉಪವಾಸ ಕೂತಿದ್ದ. ಉಪವಾಸದಲ್ಲಿ ಮತ್ತೆ ರೇಗಿದ್ದ.

ಗುರು ನಿರ್ವಾಣಯ್ಯನವರು ಗಂಟಿನ ಕಡೆ ನೋಡಿದರು.

"ಹೊರಡೋನು ಹೊರಡಪ್ಪಾ, ಯಾರು ಬೇಡ ಅಂದರು? ಬಸ್ಸಿಗೆ ಇನ್ನೂ ಹೊತ್ತಿದೆ. ಕೂತು ಒಂದು ಕತೆ ಕೇಳಿಕೊಂಡು ಹೋಗು" ಎಂದು ಗದರಿ, ಹೇಳತೊಡಗಿದರು.

ಒಬ್ಬ ರೈತನಿದ್ದ. ಅವನಿಗೊಂದು ಹೋರಿ. ಹೆತ್ತ ಮಕ್ಕಳನ್ನೂ ಮಾಡದಷ್ಟು ಮುದ್ದನ್ನು ಅದಕ್ಕೆ ಮಾಡುತ್ತಿದ್ದ. ಹೋರಿ ಒಂದು ದಿನ ಬೇಲಿಗೆ ನುಗ್ಗಿತು. ಮುಳ್ಳುತಂತಿ ಕುತ್ತಿಗೆಗೆ ಸುತ್ತಿಕೊಂಡು ಮಾಂಸಕ್ಕೆ ಇಳಿಯಿತು. ನೋವಿಗೆ ಅದಕ್ಕೆ ಹುಚ್ಚು ಹಿಡಿದ ಹಾಗಾಯಿತು. ಹತ್ತಿರ ಹೋದವರನ್ನೆಲ್ಲ ಹಾಯಲು ಬಂತು, ಮೇವು ಹಾಕಿದವನನ್ನೂ ಬಿಡಲಿಲ್ಲ. ಹಿತ್ತಲ ಗೋಡೆಗೆ ಒತ್ತಿಕೊಂಡು, ನೀರು ಕೂಡ ನುಂಗಲಾಗದೆ ನಿಂತಿತು. ಅಂದೇ ತಂತಿ ಕತ್ತರಿಸದಿದ್ದರೆ ಅದು ಉಳಿಯುತ್ತಿರಲಿಲ್ಲ.

ರೈತ ಪಶುವೈದ್ಯನನ್ನು ಕರೆತಂದ. ವೈದ್ಯನ ಹತ್ತಿರ ಸೂಜಿ ಹಾರಿಸುವ ಪಿಸ್ತೂಲಿತ್ತು. ದೂರದಿಂದ ಹೊಡೆದರೆ ಸೂಜಿ ಮೈಗೆ ಚುಚ್ಚಿ ಮತ್ತಿನ ಮದ್ದು ಒಳಗಿಳಿಯುತ್ತದೆ. ಅದರ ಮೇಲೆ ಅವನು ಹೊಸದಾಗಿ ಒಂದು ದುರ್ಬೀನು ಕೂರಿಸಿದ್ದ. ದುರ್ಬೀನಿನಲ್ಲಿ ಎರಡು ಗೆರೆ ಕೂಡುವ ಜಾಗವೂ ಸೂಜಿ ನಾಟುವ ಜಾಗವೂ ಒಂದಾಗಬೇಕು. ಹಾಗೆ ಹೊಂದಿಸುವುದಕ್ಕೆ ಮೇಲೊಂದು, ಪಕ್ಕದಲ್ಲೊಂದು ತಿರುಪು ಇರುತ್ತದೆ. ಆ ಕೆಲಸ ಇನ್ನೂ ಆಗಿರಲಿಲ್ಲ. ಮದ್ದು ಇದ್ದದ್ದು ಒಂದೇ ಸೂಜಿಗೆ ಆಗುವಷ್ಟು. ತೊಡೆಗೆ ಬಿದ್ದರೆ ಹೋರಿ ಬದುಕಿತು. ಹೊಟ್ಟೆಗೋ ಕಣ್ಣಿಗೋ ಬಿದ್ದರೆ ಮುಗಿಯಿತು.

ವೈದ್ಯ ಒಂದು ಗೋಣಿಚೀಲಕ್ಕೆ ಹುಲ್ಲು ತುಂಬಿಸಿದ. ಅದರ ಮೇಲೆ ಸುಣ್ಣದ ಬೊಟ್ಟಿಟ್ಟ. ಹೋರಿ ಇದ್ದಷ್ಟೇ ದೂರದಲ್ಲಿ ಕೂತು ಬರಿಯ ಸೂಜಿ ಹಾರಿಸಿದ. ಸೂಜಿ ಬೊಟ್ಟಿನಿಂದ ಎಡಕ್ಕೆ ಬಿತ್ತು. ತಕ್ಷಣ ಒಂದು ನಾಣ್ಯ ತೆಗೆದು ತಿರುಪಿನ ಸೀಳಿಗಿಟ್ಟು ತಿರುಗಿಸಿದ. ಮತ್ತೆ ಹೊಡೆದ. ಬಲಕ್ಕೆ ಹೋಯಿತು. ಮತ್ತೆ ತಿರುಗಿಸಿದ. ಈ ಸಲ ಮೇಲೆ. ಮತ್ತೆ ತಿರುಗಿಸಿದ. ಈ ಸಲ ನೆಲಕ್ಕೇ ಬಿತ್ತು. ಪಾಪ, ಅವನೂ ನಿನ್ನ ಹಾಗೆಯೇ ಬಲು ಪ್ರಾಮಾಣಿಕ! ಒಂದು ತಪ್ಪನ್ನೂ ತಿದ್ದದೆ ಬಿಡುವವನಲ್ಲ. ಪಿಸ್ತೂಲನ್ನು ಬೈದ, ದುರ್ಬೀನು ಮಾರಿದವನನ್ನು ಬೈದ, ಕೊನೆಗೆ ತನ್ನ ಕೈಯನ್ನೇ ಬೈದುಕೊಂಡ. ಅತ್ತ ಹೋರಿಯ ಕಾಲು ನಡುಗತೊಡಗಿತ್ತು.

ಆ ಗಡಿಬಿಡಿಯಲ್ಲಿ ನಾಣ್ಯ ಕೈಜಾರಿ ಹುಲ್ಲಿನ ರಾಶಿಯೊಳಗೆ ಹೋಯಿತು. ಚಾಕು ಇಟ್ಟು ನೋಡಿದ, ಜಾರಿತು. ಬೀಗದ ಕೈ ಇಟ್ಟು ನೋಡಿದ, ಸೀಳಿಗೆ ಹಿಡಿಸಲಿಲ್ಲ. ರೈತನನ್ನು ಕೇಳಿದ. ರೈತನ ಹತ್ತಿರ ಇದ್ದದ್ದು ಒಂದೇ ನಾಣ್ಯ. ವೈದ್ಯನಿಗೆ ಹೇಳಿಕಳಿಸುವ ಮೊದಲೇ ಅದನ್ನು ಅರಿಸಿನದ ಬಟ್ಟೆಯಲ್ಲಿ ಕಟ್ಟಿ, ಹೋರಿ ಉಳಿಯಲೆಂದು ಮಾದಪ್ಪನಿಗೆ ಮುಡಿಪಿಟ್ಟಿದ್ದ. ದೇವರಿಗೆ ಮುಡಿಪಿಟ್ಟದ್ದನ್ನು ಬೆಟ್ಟ ಹತ್ತಿ ಒಪ್ಪಿಸುವ ತನಕ ಬಿಚ್ಚುವ ಹಾಗಿಲ್ಲ. ಹಾಗೆಂದು ಹೇಳಿ, ಅವನು ಬಗ್ಗಿ ಹುಲ್ಲು ಕೆದಕತೊಡಗಿದ.

ವೈದ್ಯನಿಗೆ ಬೇರೆ ದಾರಿ ಇರಲಿಲ್ಲ. ಸಿಟ್ಟಿಗೋ ಹಟಕ್ಕೋ, ಸೂಜಿಯ ಮೇಲೆ ಸೂಜಿ ಹಾರಿಸಿದ. ತಿರುಪು ಮುಟ್ಟಲಿಲ್ಲ; ಮುಟ್ಟಲು ನಾಣ್ಯವೆಲ್ಲಿತ್ತು? ಕೈಲಿದ್ದ ಸೂಜಿಯೆಲ್ಲ ಮುಗಿದ ಮೇಲೆ ಎದ್ದು ಹೋಗಿ ನೋಡಿದ. ನೋಡಿದವನು ಅಲ್ಲೇ ಕುಕ್ಕರಿಸಿ ನಗತೊಡಗಿದ. ಸುಣ್ಣದ ಬೊಟ್ಟಿಗೆ ಒಂದೂ ತಾಗಿರಲಿಲ್ಲ. ಅದರಿಂದ ಗೇಣುದೂರ ಎಡಕ್ಕೆ, ಸ್ವಲ್ಪ ಕೆಳಗೆ, ಒಂದು ಅಂಗೈ ಮುಚ್ಚುವಷ್ಟು ಜಾಗದಲ್ಲಿ ಎಲ್ಲವೂ ಒತ್ತಾಗಿ ನಾಟಿದ್ದವು.

ರೈತ ಹುಲ್ಲು ಕೆದಕುವುದನ್ನು ಬಿಟ್ಟು ಎದ್ದು ಬಂದ. "ಒಂದೂ ಬೊಟ್ಟಿಗೆ ಬೀಳಲಿಲ್ಲವಲ್ಲ ಡಾಕ್ಟ್ರೇ! ಅಲ್ಲಿ ನನ್ನ ಹೋರಿ ಸಾಯ್ತಾ ಇದೆ, ನೀವು ನಗ್ತೀರಲ್ಲ!"

"ಎಲ್ಲಾ ಒಂದೇ ಕಡೆ ತಪ್ಪಿದೆ ಕಣಯ್ಯಾ! ನನ್ನ ಕೈ ನೆಟ್ಟಗಿದೆ, ಪಿಸ್ತೂಲೂ ನೆಟ್ಟಗಿದೆ. ಇಷ್ಟು ಹೊತ್ತಿಂದ ಒಂದೊಂದು ಸೂಜಿಗೂ ತಿರುಪು ತಿರುಗಿಸಿ ಕೆಡಿಸ್ತಾ ಇದ್ದವನು ನಾನೇ. ಇನ್ನೊಂದೇ ಸಲ ತಿರುಗಿಸಿದರೆ ಸಾಕು."

ರೈತ ಆ ಮುಖವನ್ನೊಮ್ಮೆ ನೋಡಿದ, ಹೋರಿಯನ್ನೊಮ್ಮೆ ನೋಡಿದ. ಮಾದಪ್ಪನಿಗೆ ತಪ್ಪುಕಾಣಿಕೆ ಕೊಡುತ್ತೇನೆಂದು ಕೆನ್ನೆ ಬಡಿದುಕೊಂಡು, ಅರಿಸಿನದ ಗಂಟು ಬಿಚ್ಚಿ ನಾಣ್ಯ ಕೊಟ್ಟ. ವೈದ್ಯ ಗೇಣು ಅಳೆದು ಎರಡು ತಿರುಪನ್ನೂ ತಿರುಗಿಸಿದ. ಚೀಲದಿಂದ ಒಂದು ಬರಿಯ ಸೂಜಿ ಕಿತ್ತು ಹಾರಿಸಿ ನೋಡಿದ. ಅದು ಸುಣ್ಣದ ಮೇಲೇ ಕೂತಿತು. ಆಮೇಲೆ ಮದ್ದಿನ ಸೂಜಿ ಹಾಕಿ ಹೋರಿಯ ಕಡೆ ತಿರುಗಿದ. ಸೂಜಿ ತೊಡೆಗೆ ನಾಟಿತು. ಹೋರಿ ಸ್ವಲ್ಪ ಹೊತ್ತು ತೂಗಾಡಿ, ಮೊಣಕಾಲೂರಿ, ಮಲಗಿತು. ತಂತಿ ಕತ್ತರಿಸಿ, ಗಾಯ ತೊಳೆದು ಕಟ್ಟಿದರು. ಸಂಜೆ ಅದು ಎದ್ದು ತೊಟ್ಟಿಗೆ ಮೂತಿಯಿಟ್ಟು ಸೊರಸೊರನೆ ನೀರು ಕುಡಿಯಿತು. ರೈತ ಅದರ ಬೆನ್ನಿನ ಮೇಲೆ ಕೈಯಿಟ್ಟುಕೊಂಡು, ಸದ್ಯ ಬದುಕಿದೆಯಲ್ಲಾ ಎಂದು ಗಳಗಳನೆ ಅತ್ತ. ವೈದ್ಯ ಜಗಲಿಯ ಮೇಲೆ ಕಾಲು ಚಾಚಿ ಮಜ್ಜಿಗೆ ಕುಡಿದ.

ಕತೆ ಮುಗಿಯಿತು. ಕೆಂಡಗಣ್ಣ ಗಂಟನ್ನು ಕಂಕುಳಿಂದ ತೆಗೆದು ನೆಲಕ್ಕಿಟ್ಟಿದ್ದ. ಬಹಳ ದಿನಗಳ ಮೇಲೆ ಅವನಿಗೆ ಉಸಿರು ಸಲೀಸಾಗಿ ಆಡುತ್ತಿತ್ತು.

"ತಿಳಿಯಿತು ಗುರುಗಳೇ. ಹಾಗಾದರೆ ನಾಳೆಯಿಂದ ಯಾವ ವ್ರತ ಹಿಡಿಯಲಿ?"

"ಯಾವುದೂ ಬೇಡ. ತಪ್ಪೆಲ್ಲ ಎಲ್ಲಿ ಬೀಳುತ್ತೆ ಅಂತ ಕಾಣೋವರೆಗೆ ತಿದ್ದಬೇಡ; ಒಂದು ತಿಂಗಳು ದಾಸೋಹದಲ್ಲಿ ಬಡಿಸುತ್ತಾ, ನೆಮ್ಮದಿಯಾಗಿ ರೇಗು."

ಕೆಂಡಗಣ್ಣ ಬಟ್ಟೆಯ ಗಂಟು ಬಿಚ್ಚತೊಡಗಿದ.