ನೆನಪು ತೆಗೆಯುವ ಸೀರಣಿಗೆ

ನೀವು ಹೂಂ ಅನ್ನುತ್ತಿರಿ, ನಾನು ಹೇಳುತ್ತಾ ಹೋಗುತ್ತೇನೆ. ಒಂದೂರಲ್ಲಿ ಸಾತವ್ವ ಅಂತ ಒಬ್ಬಳು ತಾಯಿ, ಅವಳಿಗೆ ದುಂಡಪ್ಪ ಅಂತ ಒಬ್ಬನೇ ಮಗ. ಮಗ ಪೆದ್ದ. ಹೇಳಿದ್ದನ್ನು ಹೇಳಿದ ಹಾಗೆಯೇ ಮಾಡುತ್ತಿದ್ದ, ಅದಕ್ಕೇ ಪೆದ್ದ. ನಾವು ನೀವು ಹೇಳಿದ್ದನ್ನು ಮಾಡುವುದೇ ಇಲ್ಲ, ಹಾಗಾಗಿ ಜಾಣರು.

ಸಾತವ್ವನ ಹತ್ತಿರ ಕೊಂಬಿನ ಸೀರಣಿಗೆ ಇತ್ತು. ಹೇನು ತೆಗೆಯುತ್ತಾರಲ್ಲ, ಅಂಥದ್ದೇ. ಆದರೆ ಇದು ತೆಗೆಯುತ್ತಿದ್ದದ್ದು ನೆನಪು. ಸಣ್ಣ ಹಲ್ಲಿನಿಂದ ಬಾಚಿದರೆ ನೆನಪು ಈಚೆ ಬರುತ್ತಿತ್ತು, ದೊಡ್ಡ ಹಲ್ಲಿನಿಂದ ಬಾಚಿದರೆ ಇನ್ನೊಂದು ತಲೆಗೆ ಇಳಿಯುತ್ತಿತ್ತು. ಬಾಚುವವರಿಗೂ ಅದು ಒಂದಿಷ್ಟು ಕಾಣುತ್ತಿತ್ತು. ಊರಿನವರು ಬಂದು ಜಗಲಿಯಲ್ಲಿ ತಲೆ ಬಿಚ್ಚಿ ಕೂತರೆ ಸಾತವ್ವ ಅವರ ಸಂಕಟ ಬಾಚಿ ಬೂದಿಯ ಮಡಕೆಗೆ ಉದುರಿಸುತ್ತಿದ್ದಳು.

ಎಲ್ಲರ ತಲೆ ಹಗುರಾಯಿತು, ಅವಳದೊಂದು ಬಿಟ್ಟು. ಸೀರಣಿಗೆಯಿಂದ ತನ್ನ ತಲೆಗೆ ತಾನು ಹಾಕಿಕೊಳ್ಳಬಹುದಿತ್ತು, ತೆಗೆದುಕೊಳ್ಳಲಾಗುತ್ತಿರಲಿಲ್ಲ. ಅವಳ ತಲೆಯಲ್ಲಿ ಇದ್ದದ್ದು ಇಷ್ಟು: ದುಂಡಪ್ಪನಿಗೆ ಮೂರು ವರ್ಷ, ಚುರುಕು ಕೂಸು. ಬಾವಿಯ ಹತ್ತಿರ ಎರಡೂ ಕೈಯಿಂದ ಹಗ್ಗ ಎಳೆಯಲೆಂದು ಕಂಕುಳಿನ ಕೂಸನ್ನು ಕೆಳಗಿಳಿಸಿದಳು. ಕೂಸು ಮೆಟ್ಟಿಲ ಮೇಲೆ ಉರುಳಿತು, ತಲೆಗೆ ಪೆಟ್ಟು ಬಿತ್ತು. ಅಂದಿನಿಂದ ಅವನು ಹೀಗೆ. ಇದನ್ನು ಅವಳು ಯಾರಿಗೂ ಹೇಳಿರಲಿಲ್ಲ. ಬೇರೆಯವರ ಕೈಯಲ್ಲಿ ತಲೆ ಕೊಟ್ಟರೆ ಅವರಿಗೆ ಕಂಡುಬಿಡುತ್ತದೆ. ಕಂಡರೂ ಅರ್ಥವಾಗದವನು ಊರಲ್ಲಿ ಒಬ್ಬನೇ, ಅವಳ ಮಗ. ಅವನಿಗೆ ಕಸುಬು ಕಲಿಸಿ, ಅವನ ಕೈಯಿಂದಲೇ ಅದನ್ನು ತೆಗೆಸಿ, ಒಂದು ದಿನವಾದರೂ ನೆಮ್ಮದಿಯಿಂದ ಉಣ್ಣಬೇಕೆಂದು ಅವಳ ಆಸೆ.

ಮೊದಲು ನೆರೆಮನೆಯ ತುಂಗವ್ವ ಬಂದಳು. "ನನ್ನ ತಂಗಿ ಅಂದ ಮಾತು ಮರೀಬೇಕು" ಅಂದಳು. ಸಾತವ್ವ ಮಗನಿಗೆ, "ಅಕಿ ಹೇಳಿದ್ದನ್ನ ತಗಿ, ಒಂದೂ ಬಿಡಬ್ಯಾಡ" ಅಂದಳು. ದುಂಡಪ್ಪ ಬಾಚಿದ. ತಂಗಿ ಹುಟ್ಟಿದಾಗಿನಿಂದ ಅಂದ ಮಾತನ್ನೆಲ್ಲ, ಒಂದೂ ಬಿಡದೆ ಬಾಚಿದ. ಸಂಜೆ ತಂಗಿ ರೊಟ್ಟಿ ಹಿಡಿದು ಬಂದು, "ಅಕ್ಕಾ, ಸಿಟ್ಟು ಬಿಡು" ಅಂದದ್ದೇ ತಡ, ಹುಟ್ಟು ಮೂಕಿಗೆ ಮಾತು ಬಂತೆಂದು ತುಂಗವ್ವ ತೆಂಗಿನಕಾಯಿ ಹಿಡಿದು ಗುಡಿಗೆ ಓಡಿದಳು.

ಬೂದಿಯಿಂದ ಆ ಮಾತುಗಳನ್ನೆಲ್ಲ ಹೆಕ್ಕಿ ಮರಳಿಸಲು ಸಾತವ್ವನಿಗೆ ಎರಡು ದಿನ ಹಿಡಿಯಿತು. ಹಣೆ ಹಣೆ ಬಡಿದುಕೊಂಡಳು.

"ಅಯ್ಯೋ ಪೆದ್ದ, ಎಲ್ಲಾ ತಗೀತಾರೇನೋ? ಎಲ್ಲಿ ನೋಯ್ತೈತಿ ಅಂತ ಕೇಳು. ಅಷ್ಟ ತಗಿ."

"ಆತವ್ವ, ಅಷ್ಟ ತಗೀತೀನಿ."

ಆಮೇಲೆ ಬಾಳಾಚಾರ್ಯ ಮಾಸ್ತರರು ಬಂದರು. ಹಿಂದೊಮ್ಮೆ ತಪ್ಪಿಲ್ಲದ ಹುಡುಗನೊಬ್ಬನನ್ನು ಹೊಡೆದಿದ್ದರು, ಆ ಹುಡುಗನ ಮುಖ ಅವರನ್ನು ಬಿಡುತ್ತಿರಲಿಲ್ಲ. ಉಸ್ಸಪ್ಪಾ ಎಂದು ಮೆಟ್ಟಿಲು ಹತ್ತಿ ಕೂತರು.

"ಎಲ್ಲಿ ನೋಯ್ತೈತ್ರೀ ಮಾಸ್ತರ?"

"ಸದ್ಯಕ್ಕ ಮೊಣಕಾಲಪ್ಪ."

ದುಂಡಪ್ಪ ಮೊಣಕಾಲು ಬಾಚಿದ. ಅಷ್ಟೇ ಬಾಚಿದ. ಮೊಣಕಾಲು ಮಡಚುವುದನ್ನೇ ಮರೆಯಿತು. ತೆಗೆದದ್ದನ್ನು ಅವನು ನೆಲಕ್ಕೆ ಕೊಡವಿದ, ಕೋಳಿ ಬಂದು ಹೆಕ್ಕಿತು. ಮಾಸ್ತರರು ಒನಕೆಯಂತೆ ನೆಟ್ಟಗೆ ನಿಂತರು, ಕೋಳಿ ಮಂಡಿ ಹಿಡಿದು ಕೂತಿತು. ಸಾತವ್ವ ಕೋಳಿಯನ್ನು ಹಿಡಿದು, ಬಾಚಿ, ಮಾಸ್ತರರ ಕಾಲು ಅವರಿಗೆ ಮರಳಿಸಿದಳು.

"ಅಯ್ಯೋ ಪೆದ್ದ, ತಗದದ್ದು ಕಂಡಲ್ಲಿ ಚೆಲ್ತಾರೇನೋ? ಭಾರದ್ದದು. ಭಾರ ತಾಳೋ ಜಾಗಾ ನೋಡಿ ಇಡು."

"ಆತವ್ವ, ಅಂಥಾ ಜಾಗಾ ನೋಡ್ತೀನಿ."

ಮಡಕೆ ಅಂತ ಅವಳು ಬಾಯಿಬಿಟ್ಟು ಹೇಳಲಿಲ್ಲ, ಅದು ಅವಳದೇ ತಪ್ಪು.

ಮೂರನೆಯವಳು ಚಂಪವ್ವ. ಗಂಡ ಸತ್ತು ತಿಂಗಳಾಗಿತ್ತು. "ಅವರ ನೆನಪು ತಗಿಯಪ್ಪ, ತುತ್ತು ಇಳೀವಲ್ದು" ಅಂದಳು. ದುಂಡಪ್ಪ ತೆಗೆದ. ಭಾರ ತಾಳುವ ಜಾಗ ಹುಡುಕಿಕೊಂಡು ಹೊರಟ. ಹೊಳೆಯ ದಾರಿಯಲ್ಲಿ ಮಡಿವಾಳರ ಕತ್ತೆ ನಾಲ್ಕು ಗಂಟು ಹೊತ್ತು ಸುಮ್ಮನೆ ಹೋಗುತ್ತಿತ್ತು. ಅದರ ತಲೆಗೆ ಬಾಚಿ ಬಂದ.

ಮರುದಿನ ಕತ್ತೆ ಗಂಟು ಕೆಡವಿ ಚಂಪವ್ವನ ಬಾಗಿಲಲ್ಲಿ ಬಂದು ನಿಂತಿತು. ಅವಳ ಗಂಡ ತಲೆಗೆ ಸುತ್ತುತ್ತಿದ್ದ, ಗೂಟಕ್ಕೆ ತೂಗುಹಾಕಿದ್ದ ಪಟಗವನ್ನೇ ನೋಡುತ್ತಿತ್ತು. "ಯಾರ ಕತ್ತಿವಾ ಇದು?" ಅಂದಳು ಚಂಪವ್ವ. ಆ ಪಟಗ ಯಾರದೆಂದೂ ಅವಳಿಗೆ ಗೊತ್ತಾಗಲಿಲ್ಲ. ತೆಗೆದು ನೀರಲ್ಲಿ ಅದ್ದಿ ನೆಲ ಒರೆಸತೊಡಗಿದಳು. ಕತ್ತೆ ಅರಚಿತು. ನೋಡಲು ನೆರೆದವರಲ್ಲಿ ಒಬ್ಬರೂ ನಗಲಿಲ್ಲ.

ಸಾತವ್ವ ಓಡಿಬಂದು ಕತ್ತೆಯದನ್ನು ಬಾಚಿ ಚಂಪವ್ವನಿಗೆ ಕೊಟ್ಟಳು. ಚಂಪವ್ವ ಒದ್ದೆ ಪಟಗವನ್ನು ಎದೆಗೆ ಒತ್ತಿಕೊಂಡು ಗಟ್ಟಿಯಾಗಿ ಅತ್ತಳು. ಅತ್ತು ಎದ್ದು, ಕತ್ತೆಗೆ ಒಂದು ಹಿಡಿ ಹುಲ್ಲು ತಂದುಹಾಕಿದಳು.

"ಅಯ್ಯೋ ಪೆದ್ದ, ಒಬ್ಬರದ ಒಯ್ದು ಇನ್ನೊಬ್ಬರಿಗೆ ಕೊಡ್ತಾರೇನೋ? ಯಾರದೈತಿ ಅವರಿಗೇ ಸೇರಬೇಕು."

"ಆತವ್ವ, ಅವರಿಗೇ ಕೊಡ್ತೀನಿ."

ಆ ಪಟಗ ನೋಡಿದ ಮೇಲೆ ಸಾತವ್ವ ಮನಸ್ಸು ಬದಲಿಸಬಹುದಿತ್ತು. ಬದಲಿಸಲಿಲ್ಲ. ಪ್ರೀತಿಯ ನೋವಾದರೆ ಇಟ್ಟುಕೊಳ್ಳಬಹುದು, ಮಾಡಿದ ತಪ್ಪನ್ನು ಎಷ್ಟು ದಿನ ಹೊರುವುದು ಅಂತ ಅವಳಿಗೆ ಅನ್ನಿಸಿತು. ಅನ್ನಿಸದೆ ಇರುತ್ತದೆಯೇ? ಮಗನ ಮುಂದೆ ತಲೆ ಬಿಚ್ಚಿ ಕೂತಳು.

"ಬಾವಿ ಹತ್ರದ್ದು ಒಂದೈತಿ, ಅದನ್ನ ತಗಿ. ಏನ್ ಮಾಡಬೇಕು ಗೊತ್ತೈತೇನು?"

"ಗೊತ್ತೈತಿ. ಯಾರದೈತಿ ಅವರಿಗೆ."

ಮಡಕೆ ಅನ್ನಲು ಅವಳು ಬಾಯಿ ತೆರೆದಳು. ಅಷ್ಟರಲ್ಲಿ ಸೀರಣಿಗೆ ಇಳಿದಿತ್ತು, ಯಾಕೆ ಕೂತಿದ್ದೇನೆಂಬುದೇ ಅವಳಿಗೆ ಮರೆತುಹೋಯಿತು.

ದುಂಡಪ್ಪ ಹಲ್ಲಿಗೆ ಸಿಕ್ಕದ್ದನ್ನು ಬಹಳ ಹೊತ್ತು ನೋಡಿದ. ಹಗ್ಗ, ಮೆಟ್ಟಿಲು, ಉರುಳಿದ ಕೂಸು. ಕೂಸಿನ ಕಿವಿಯ ಮೇಲೆ ಗಾಯ. ತನ್ನ ಕಿವಿಯ ಮೇಲೆ ಮುಟ್ಟಿ ನೋಡಿಕೊಂಡ. "ಇದು ನಂದು" ಅಂದ. ಸೀರಣಿಗೆ ತಿರುಗಿಸಿ ತನ್ನ ತಲೆಗೇ ಬಾಚಿಕೊಂಡ.

ಆದರೆ ಅದು ತಾಯಿಯ ನೆನಪಲ್ಲವೇ? ಅದರಲ್ಲಿ ಕೂಸನ್ನು ಕೆಳಗಿಳಿಸಿದ್ದು 'ನಾನು'. ಇಳಿಸಿದವನು ತಾನೇ ಎಂದಾಯಿತು ದುಂಡಪ್ಪನಿಗೆ. ಎದ್ದವನೇ ತಾಯಿಯನ್ನು ಎತ್ತಿ ಕಂಕುಳಲ್ಲಿ ಕೂರಿಸಿಕೊಂಡ.

"ಏ, ಇಳಸೋ."

"ಇಳಸೂದಿಲ್ಲ."

"ನನ್ನ ಕಾಲು ಗಟ್ಟಿ ಅದಾವೋ."

"ಹಿಂದ ಒಮ್ಮೆ ಇಳಿಸಿದ್ದೆ. ಕೂಸು ಬಿತ್ತು."

"ನಿನಗೆಲ್ಲಿ ಕೂಸು ಬಂತೋ ಪೆದ್ದ?" ಎಂದು ಸಾತವ್ವ ನಕ್ಕಳು. ಎಷ್ಟೋ ವರ್ಷದ ಮೇಲೆ ನಕ್ಕಳು. ಮಗನ ಕಣ್ಣಲ್ಲಿ ಯಾಕೆ ನೀರು ಅಂತ ಮಾತ್ರ ಅವಳಿಗೆ ತಿಳಿಯಲಿಲ್ಲ.

ಅಂದಿನಿಂದ ಎಲ್ಲಿ ಹೋದರೂ ತಾಯಿ ಅವನ ಕಂಕುಳಲ್ಲೇ. ಬಾವಿಗೂ ಹಾಗೇ ಬರುತ್ತಾನೆ. ಒಂದು ಕೈಯಲ್ಲಿ ಅವ್ವ, ಒಂದು ಕೈಯಲ್ಲಿ ಹಗ್ಗ. ಕೊಡ ಗೋಡೆಗೆ ಬಡಿದು ಅರ್ಧ ನೀರು ಚೆಲ್ಲುತ್ತದೆ, ಹೆಂಗಸರು ಬಾಯಿಗೆ ಸೆರಗು ಹಿಡಿದು ನಗುತ್ತಾರೆ, ಸಾತವ್ವ ಅವನ ಬೆನ್ನಿಗೆ ಗುದ್ದುತ್ತಾಳೆ.

"ಅಯ್ಯೋ ಪೆದ್ದ, ನನ್ನ ಇಳಿಸಿ ಎರಡೂ ಕೈ ಹಚ್ಚಿ ಸೇದೋ."

"ಬ್ಯಾಡವ್ವ, ಅರ್ಧಾ ಕೊಡ ಸಾಕು."