ಹಿತ್ತಾಳೆಯ ಬೆಂಚು

ಶಿಷ್ಯ ಪಂಚಾಕ್ಷರಿ ಕೇಳಿದ: "ಬುದ್ಧಿ, ಮಠದಲ್ಲಿ ದಿನಾ ಪುರಾಣ ಓದುವವನು ನಾನು. ನನ್ನ ಗಂಟಲು ಕಟ್ಟಿದಾಗ ಮಾತ್ರ ಓದುವವನು ಗುರುಪಾದ. ಶಾಲು ಅವನಿಗೆ ಹೊದಿಸಿದಿರಿ. ಇದು ಯಾವ ನ್ಯಾಯ?"

ಗುರುಪಾದ ಅಂಗಳದ ಆ ತುದಿಯಲ್ಲಿ ರಾಗಿ ಹಸನು ಮಾಡುತ್ತಾ ಕೂತಿದ್ದ. ಶಾಲನ್ನು ಪಕ್ಕದ ಗೂಟಕ್ಕೆ ತೂಗುಹಾಕಿದ್ದ. ಗುರುಗಳು ಈ ಕತೆ ಹೇಳಿದರು.

ಒಂದು ಊರಿನಲ್ಲಿ ಹೆಣ್ಣುಮಕ್ಕಳ ಬ್ಯಾಸ್ಕೆಟ್‌ಬಾಲ್ ತಂಡವಿತ್ತು. ಆಟವೇ ಅವರ ಕಸುಬು. ಆಟದಿಂದಲೇ ಅವರ ಅನ್ನ. ಅಂಕಣಕ್ಕೆ ಇಳಿಯುವವರು ಐವರು. ಉಳಿದವರು ಬದಿಯ ಬೆಂಚಿನ ಮೇಲೆ ಕೂತಿರಬೇಕು. ಆಡುವವರು ದಣಿದರೆ, ಎಡವಿದರೆ, ಕೋಚ್ ಬೆಂಚಿನಿಂದ ಒಬ್ಬಳನ್ನು ಎಬ್ಬಿಸಿ ಕಳಿಸುತ್ತಾಳೆ.

ಮೊದಲ ಐವರಲ್ಲಿ ವಾರಿಜಾ ಎಂಬವಳಿದ್ದಳು. ಅವಳ ಹೆಸರು ಕೂಗದೆ ಯಾವ ಪಂದ್ಯವೂ ಶುರುವಾಗುತ್ತಿರಲಿಲ್ಲ. ಅವಳು ದಣಿದಾಗ ಎದ್ದು ಹೋಗುವವಳು ದೇಚಮ್ಮ. ದೇಚಮ್ಮ ಒಂದಿಷ್ಟು ಹೊತ್ತು ಆಡುವಳು. ವಾರಿಜಾ ನೀರು ಕುಡಿದು ಎದ್ದರೆ ಮತ್ತೆ ಬಂದು ಕೂರುವಳು. ಇಬ್ಬರದೂ ಒಂದೇ ಕೋಣೆ. ಒಬ್ಬಳು ಉಣ್ಣದೆ ಇನ್ನೊಬ್ಬಳು ಉಣ್ಣುತ್ತಿರಲಿಲ್ಲ.

ಆ ಆಟದಲ್ಲಿ ಒಂದು ಪದ್ಧತಿಯಿತ್ತು. ಬೆಂಚಿನಿಂದ ಎದ್ದು ಬಂದು ಆಡುವವರಲ್ಲಿ ಯಾರು ಮೇಲೋ ಅವಳಿಗೆ ವರ್ಷಕ್ಕೊಮ್ಮೆ ಪ್ರಶಸ್ತಿ. ಹಿತ್ತಾಳೆಯ ಒಂದು ಪುಟ್ಟ ಬೆಂಚು. ಮೊದಲ ಐವರಲ್ಲಿ ಇಳಿಯುವವರಿಗೆ ಅದು ಸಲ್ಲದು. ಆ ವರ್ಷ ಅದು ದೇಚಮ್ಮನಿಗೆ ಬಂತು. ಅವಳು ತಂದು ಕೋಣೆಯ ಕಿಟಕಿಯಲ್ಲಿ ಇಟ್ಟಳು.

ವಾರಿಜಾಗೆ ಎದ್ದರೆ ಅದೇ ಕಾಣುತ್ತಿತ್ತು. ಮಲಗಿದರೂ ಅದೇ. ಕಿಟಕಿಯ ಕಡೆ ಬೆನ್ನು ಹಾಕಿ ಮಲಗಿದಳು. ಬೆನ್ನಿಗೂ ಅದು ಚುಚ್ಚಿತು. ಓಡಿ ಓಡಿ ಕಾಲು ಸವೆದದ್ದು ತನ್ನದು. ಪ್ರಶಸ್ತಿಗೆ ಹೆಸರು ಹಿಡಿದು ಕರೆದದ್ದು ದೇಚಮ್ಮನನ್ನು.

ಒಂದು ದಿನ ಅಂದೇಬಿಟ್ಟಳು: "ಕೂತವರಿಗೆ ಬಹುಮಾನ ಕೊಡೋದು ನಾನು ಇಲ್ಲೇ ನೋಡಿದ್ದು ಕಣೇ. ನಮ್ಮೂರ ಕಟ್ಟೆ ಮೇಲಿನ ಮುದುಕರಿಗೆ ತಿಳಿದರೆ ಗಾಡಿ ಕಟ್ಟಿಕೊಂಡು ಬರ್ತಾರೆ."

ದೇಚಮ್ಮ ನಕ್ಕಳು. "ನೀನೂ ಬಾ ಅಕ್ಕಾ. ಬೆಂಚಿಗೆ ಬಾಡಿಗೆ ಇಲ್ಲ" ಅಂದಳು.

ಅವಳು ತಮಾಷೆಗೆ ಅಂದದ್ದು. ವಾರಿಜಾ ತಮಾಷೆಯೆಂದು ತಿಳಿಯಲಿಲ್ಲ. ಮರುವರ್ಷ ಆಟ ಶುರುವಾಗುವ ಮೊದಲು ಕೋಚ್ ಬಳಿ ಹೋದಳು. ಮಂಡಿ ನೋವು, ಈ ವರ್ಷ ಬೆಂಚಿನಿಂದ ಆಡುತ್ತೇನೆ, ಮೊದಲು ದೇಚಮ್ಮ ಇಳಿಯಲಿ ಎಂದು ಕೇಳಿಕೊಂಡಳು. ಕೋಚ್ ಅವಳ ಮಂಡಿ ನೋಡಿದಳು. ಮುಖ ನೋಡಿದಳು. ಆಗಲಿ ಅಂದಳು.

ವಾರಿಜಾ ದೇಚಮ್ಮನ ಜಾಗದಲ್ಲಿ ಹೋಗಿ ಕೂತಳು. ಬಿಟ್ಟುಹೋದವರ ಜಾಗ ತಣ್ಣಗಿರುತ್ತದೆ ಅನ್ನುತ್ತಾರೆ. ಇದು ಇನ್ನೂ ಬೆಚ್ಚಗಿತ್ತು.

ಅವಳಿಗೆ ತೋಳಿನಲ್ಲಿ ಬಲವಿತ್ತು. ಎದ್ದು ಹೋದಾಗಲೆಲ್ಲ ಒಂದೆರಡು ಸಲ ಚೆಂಡನ್ನು ಬುಟ್ಟಿಗೆ ಹಾಕಿಯೇ ಬರುತ್ತಿದ್ದಳು. ಈ ಸಲ ಹಿತ್ತಾಳೆ ಬೆಂಚು ವಾರಿಜಾಗೇ ಎಂದು ಜನ ಆಡಿಕೊಂಡರು. ಅದನ್ನು ಕೇಳಿದರೂ ಅವಳಿಗೆ ನೆಮ್ಮದಿಯಿಲ್ಲ. ಈಗ ಶುರುವಿನಲ್ಲಿ ಕೂಗುವ ಹೆಸರು ದೇಚಮ್ಮನದು. ಆ ಚಪ್ಪಾಳೆಯೂ ಅವಳಿಗೇ ಹೋಯಿತಲ್ಲ ಅನ್ನಿಸಿತು. ಕೂತಷ್ಟು ಹೊತ್ತೂ ಅವಳನ್ನೇ ನೋಡಿದಳು. ದೇಚಮ್ಮನ ಕೈ ತಪ್ಪಿದರೆ ಇವಳ ಬಾಯಲ್ಲಿ ಬೆಲ್ಲ. ದೇಚಮ್ಮ ಬುಟ್ಟಿಗೆ ಹಾಕಿದರೆ ಬೇವು.

ಕೊನೆಯ ಪಂದ್ಯ ಬಂತು. ಗೆದ್ದವರಿಗೆ ವರ್ಷದ ಕಪ್. ಪ್ರಶಸ್ತಿ ಯಾರಿಗೆ ಎಂದು ತೀರ್ಮಾನಿಸುವವರೂ ಎದುರಿಗೇ ಕೂತಿದ್ದರು. ಎರಡು ತಂಡವೂ ಸರಿಸಮ. ಆಟ ಮುಗಿಯಲು ಚೂರು ಹೊತ್ತಿರುವಾಗ ದೇಚಮ್ಮನ ಕಾಲು ಉಳುಕಿತು. ಅವಳು ನೆಲಕ್ಕೆ ಕೂತಳು. ವಾರಿಜಾಳ ಬಾಯಲ್ಲಿ ಮೊದಲು ಬೆಲ್ಲವೇ ಬಂತು.

ಕೋಚ್ ಅವಳನ್ನು ಎಬ್ಬಿಸಿದಳು. "ಅವರ ಆ ಕುಳ್ಳಿಯನ್ನು ನೀನು ತಡೀಬೇಕು. ಅವಳು ಯಾವ ಕೈಯಲ್ಲಿ ಎಸೀತಾಳೆ, ನೋಡಿದೀಯಲ್ಲ?"

ವಾರಿಜಾ ಹೂಂ ಅಂದಳು. ನೋಡಿರಲಿಲ್ಲ. ದೇಚಮ್ಮ ಎಲ್ಲಿ ತಪ್ಪಿದಳು, ಯಾವಾಗ ಎಡವಿದಳು, ಯಾರು ಅವಳ ಹೆಸರು ಕೂಗಿದರು, ಎಲ್ಲ ಗೊತ್ತಿತ್ತು. ಇದೊಂದು ಗೊತ್ತಿರಲಿಲ್ಲ.

ಅಂಗಳದ ಆ ತುದಿಯಲ್ಲಿ ಗುರುಪಾದ ಎದ್ದ. ಶಾಲಿಗೆ ರಾಗಿಯ ಧೂಳು ಕೂತಿತ್ತು. ಕೊಡವಿ, ಮಡಿಸಿ, ಮತ್ತೆ ಗೂಟಕ್ಕೆ ಹಾಕಿದ. ಪಂಚಾಕ್ಷರಿಯ ಕತ್ತು ಅತ್ತ ತಿರುಗಿತು. ಗುರುಗಳು ಕತೆ ನಿಲ್ಲಿಸಲಿಲ್ಲ.

ವಾರಿಜಾ ಹೋಗಿ ಕುಳ್ಳಿಯ ಬಲಕ್ಕೆ ಅಡ್ಡ ನಿಂತಳು. ಕುಳ್ಳಿ ಎಡಚಿ. ಶುರುವಿನಿಂದಲೂ ಎಡಗೈಯಲ್ಲೇ ಎಸೆದಿದ್ದಳು. ಆಟಕ್ಕೆ ಬಂದವರೆಲ್ಲ ಅದನ್ನು ನೋಡಿದ್ದರು. ಚೆಂಡು ವಾರಿಜಾಳ ಪಕ್ಕದಿಂದಲೇ ಹೋಗಿ ಬುಟ್ಟಿಯಲ್ಲಿ ಬಿತ್ತು. ಆಟ ಮುಗಿದ ಸೀಟಿ ಕೇಳಿತು.

ಕಪ್ ಹೋಯಿತು. ಹಿತ್ತಾಳೆಯ ಬೆಂಚು ಬೇರೆ ಊರಿನ ಯಾವಳೋ ಒಬ್ಬಳಿಗೆ ಹೋಯಿತು. ದೇಚಮ್ಮ ಕಾಲಿಗೆ ಪಟ್ಟಿ ಸುತ್ತಿಕೊಂಡು, ಊಟಕ್ಕೆ ವಾರಿಜಾ ಬರಲೆಂದು ಕಾದಳು. ವಾರಿಜಾ ಬರಲಿಲ್ಲ.

ಗುರುಗಳು ಇಲ್ಲಿಗೆ ನಿಲ್ಲಿಸಿದರು. ಕತೆ ಮುಗಿದದ್ದು ಪಂಚಾಕ್ಷರಿಗೆ ತಡವಾಗಿ ಗೊತ್ತಾಯಿತು. ಗೂಟದಿಂದ ಕಣ್ಣು ಕಿತ್ತು ಇತ್ತ ತಿರುಗಿದ. "ಶಾಲಿನ ಮಾತು ಹಾಗೇ ಉಳೀತಲ್ಲ ಬುದ್ಧಿ" ಅಂದ.

ಗುರುಗಳು ಕೇಳಿದರು: "ಆ ಕುಳ್ಳಿ ಯಾವ ಕೈಯಲ್ಲಿ ಎಸೆದಳು, ಪಂಚಾಕ್ಷರಿ?"

ಪಂಚಾಕ್ಷರಿ ಒಮ್ಮೆ ತನ್ನ ಬಲಗೈ ನೋಡಿಕೊಂಡ, ಒಮ್ಮೆ ಎಡಗೈ.